ಕುಡಿತದಿಂದ ಮೂಗು ದಪ್ಪವಾಗುತ್ತದೆಯೇ? ಬಿಟ್ಟರೆ ಮೊದಲಿನಂತಾಗುತ್ತದೆಯೇ?

ಪ್ರಶ್ನೆ: ನಮ್ಮ ಮಾವನವರಿಗೆ 58 ವರ್ಷ, ಬೆಂಗಳೂರಿನಲ್ಲೇ ಇದ್ದೇವೆ. ಮೂರ್ನಾಲ್ಕು ವರ್ಷದಿಂದ ಮೂಗಿನ ತುದಿ ಕೆಂಪಾಗಿ, ರಂಧ್ರಗಳು ದೊಡ್ಡದಾಗಿ, ಚರ್ಮ ದಪ್ಪವಾಗುತ್ತಿದೆ. ರೋಸೇಶಿಯಾ (ಮುಖ ಪದೇಪದೇ ಕೆಂಪಾಗಿ ಉರಿಯುವ ಚರ್ಮರೋಗ) ಇರಬಹುದು ಎಂದು ಒಬ್ಬ ಡಾಕ್ಟರು ಹೇಳಿದ್ದಾರೆ. ವಾರಕ್ಕೆ ಎರಡು ಮೂರು ದಿನ ಒಂದು ನೈಂಟಿ ವಿಸ್ಕಿ ತೆಗೆದುಕೊಳ್ಳುತ್ತಾರೆ. "ಕುಡಿದೂ ಕುಡಿದೂ ಮೂಗು ಹೀಗಾಯ್ತು" ಅಂತ ನೆಂಟರೆಲ್ಲ ಅನ್ನುತ್ತಾರೆ. ನಿಜವೇ? ನಿಲ್ಲಿಸಿದರೆ ಮೂಗು ಮೊದಲಿನಂತಾಗುತ್ತದೆಯೇ?

ಎರಡನೆಯದಕ್ಕೆ ಮೊದಲು ಉತ್ತರಿಸುತ್ತೇನೆ: ಆಗುವುದಿಲ್ಲ. ಕುಡಿತ ಬಿಟ್ಟರೆ ಕೆಂಪು, ಉರಿ ಕಡಿಮೆಯಾಗಬಹುದು. ಬೆಳೆದು ನಿಂತ ದಪ್ಪ ತಾನಾಗಿ ಇಳಿಯುವುದಿಲ್ಲ, ಅದಕ್ಕೆ ಬೇರೆ ಚಿಕಿತ್ಸೆಯೇ ಬೇಕು. ನೆಂಟರ ಮಾತಿನಲ್ಲಿ ಅರ್ಧಕ್ಕಿಂತ ಕಡಿಮೆ ಸತ್ಯವಿದೆ. ಆ ಮಾತಿನಿಂದ ಆಗುವ ನಿಜವಾದ ನಷ್ಟ ಏನೆಂದರೆ, ಜನ ನಾಚಿಕೊಂಡು ಡಾಕ್ಟರ ಹತ್ತಿರ ಹೋಗುವುದನ್ನೇ ಮುಂದೂಡುತ್ತಾರೆ. ಮಾತ್ರೆಯಿಂದ ತಡೆಯಬಹುದಾಗಿದ್ದ ಸಮಯ ಹಾಗೇ ಕಳೆದುಹೋಗುತ್ತದೆ.

ಮೂಗು ಹೀಗೆ ದಪ್ಪವಾಗುವುದಕ್ಕೆ ರೈನೋಫೈಮಾ ಎನ್ನುತ್ತಾರೆ. ಇದು ರೋಸೇಶಿಯಾದ ಒಂದು ರೂಪ. ಎಣ್ಣೆ ಗ್ರಂಥಿಗಳು ಹಿಗ್ಗುತ್ತವೆ, ಅವುಗಳ ಸುತ್ತ ನಾರಿನಂಥ ಅಂಗಾಂಶ ತುಂಬಿಕೊಳ್ಳುತ್ತದೆ, ರಕ್ತನಾಳಗಳು ಅಗಲವಾಗಿಯೇ ಉಳಿದುಬಿಡುತ್ತವೆ. ಒಳಗಿನ ಮೂಳೆ, ಮೃದ್ವಸ್ಥಿ ಸಾಮಾನ್ಯವಾಗಿ ಹಾಗೇ ಇರುತ್ತವೆ, ಬೆಳೆಯುವುದು ಮೇಲಿನ ಚರ್ಮ. 50 ದಾಟಿದ ಗಂಡಸರಲ್ಲೇ ಹೆಚ್ಚು. ಒಂದು ತೊಟ್ಟೂ ಮುಟ್ಟದವರಿಗೂ ಬರುತ್ತದೆ, ದಿನವೂ ಕುಡಿಯುವ ಬಹುತೇಕರಿಗೆ ಬರುವುದೇ ಇಲ್ಲ. ಅವಳಿಗಳ ಮೇಲೆ ನಡೆದು 2015ರಲ್ಲಿ ಪ್ರಕಟವಾದ ಅಧ್ಯಯನವೊಂದು ರೋಸೇಶಿಯಾದಲ್ಲಿ ವಂಶವಾಹಿಗಳ ಪಾಲು ಸುಮಾರು ಅರ್ಧ ಎಂದು ಅಂದಾಜು ಮಾಡಿತು. ಹಾಗಾಗಿ ಅವರ ತಂದೆಗೋ ದೊಡ್ಡಪ್ಪನಿಗೋ ಕೆಂಪು ಮೂಗು ಇತ್ತೇ ಎಂದು ಒಮ್ಮೆ ಕೇಳಿ ನೋಡಿ.

ಮದ್ಯದ ಪಾತ್ರ ಏನೂ ಇಲ್ಲವೇ ಅಂದರೆ, ಇದೆ. ಮದ್ಯ ಮುಖದ ರಕ್ತನಾಳಗಳನ್ನು ಹಿಗ್ಗಿಸುತ್ತದೆ. ಅದರ ಜೊತೆಗೆ ಚರ್ಮದ ನರತುದಿಗಳಲ್ಲಿ ಟಿಆರ್‌ಪಿವಿ1 ಎಂಬ ಶಾಖದ ಗ್ರಾಹಕವೊಂದಿದೆ. ಮಾಮೂಲಾಗಿ ಅದು 42 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ಎಚ್ಚೆತ್ತು "ಸುಡುತ್ತಿದೆ" ಎಂದು ಸುದ್ದಿ ಕಳಿಸುತ್ತದೆ. ಪ್ರಯೋಗಾಲಯದಲ್ಲಿ ಎಥನಾಲ್ ಸೇರಿಸಿದಾಗ ಈ ಮಿತಿ 34 ಡಿಗ್ರಿಯ ಹತ್ತಿರಕ್ಕೆ ಇಳಿಯಿತು, ಅಂದರೆ ಚರ್ಮದ ಸಹಜ ಉಷ್ಣತೆಯ ಆಸುಪಾಸಿಗೆ. ಮೆಣಸಿನಕಾಯಿಯ ಖಾರ ತಟ್ಟುವುದೂ ಕರಿಮೆಣಸಿನ ಘಾಟು ತಟ್ಟುವುದೂ ಇದೇ ಗ್ರಾಹಕದ ಮೂಲಕ. ಗ್ಲಾಸಿನ ಪಕ್ಕ ಚಿಲ್ಲಿ ಚಿಕನ್, ಕಾಂಗ್ರೆಸ್ ಕಡಲೆಕಾಯಿ ಇಟ್ಟುಕೊಂಡು ಕೂತರೆ ಉರಿಯುವ ಬೆಂಕಿಗೆ ತುಪ್ಪ ಸುರಿದ ಹಾಗೆ. ಆಮೇಲೆ ಬೈಗುಳವೆಲ್ಲ ವಿಸ್ಕಿಗೆ, ನಂಚಿಕೊಂಡದ್ದರ ಸುದ್ದಿಯೇ ಇಲ್ಲ.

ಆದರೆ ಮುಖ ಬಿಸಿಯೇರಿ ಕೆಂಪಾಗುವುದು ಬೇರೆ, ಮೂಗಿನ ಚರ್ಮ ಬೆಳೆಯುವುದು ಬೇರೆ. ಮೊದಲನೆಯದಕ್ಕೆ ಮದ್ಯ ಕಾರಣವಾಗುತ್ತದೆ ಎಂಬುದರಲ್ಲಿ ತಕರಾರಿಲ್ಲ. ಎರಡನೆಯದಕ್ಕೆ ನೇರ ಕಾರಣ ಎಂಬುದು ಸಾಬೀತಾಗಿಲ್ಲ. ಹೆಚ್ಚಾಗಿ ಉದಾಹರಿಸುವ ದೊಡ್ಡ ಅಧ್ಯಯನ ಅಮೆರಿಕದ ನರ್ಸ್‌ಗಳದ್ದು: 82,000ಕ್ಕೂ ಹೆಚ್ಚು ಹೆಂಗಸರು, 14 ವರ್ಷ, ಪ್ರಕಟವಾದದ್ದು 2017ರಲ್ಲಿ. ಕುಡಿಯದವರಿಗೆ ಹೋಲಿಸಿದರೆ ದಿನಕ್ಕೆ 30 ಗ್ರಾಂ ಅಥವಾ ಹೆಚ್ಚು ಆಲ್ಕೋಹಾಲ್ ಸೇವಿಸುವವರಲ್ಲಿ ಹೊಸದಾಗಿ ರೋಸೇಶಿಯಾ ಬರುವ ಸಾಧ್ಯತೆ ಸುಮಾರು ಒಂದೂವರೆ ಪಟ್ಟು ಇತ್ತು. ಬಿಳಿ ವೈನ್ ಮತ್ತು ವಿಸ್ಕಿಯಂಥ ಹಾಟ್ ಡ್ರಿಂಕ್ಸ್‌ನೊಂದಿಗೆ ಸಂಬಂಧ ಸ್ಪಷ್ಟವಾಗಿ ಕಂಡಿತು. ಗಮನಿಸಬೇಕಾದ್ದು, ಅದು ಹೆಂಗಸರ ಅಧ್ಯಯನ, ಬಹುಪಾಲು ಬಿಳಿಯರದ್ದು, ಅಳೆದದ್ದು ರೋಸೇಶಿಯಾವನ್ನೇ ಹೊರತು ಮೂಗಿನ ದಪ್ಪವನ್ನಲ್ಲ. 58ರ ಕನ್ನಡಿಗ ಗಂಡಸಿನ ಮೂಗಿಗೆ ಅದನ್ನು ನೇರವಾಗಿ ಅಂಟಿಸಲು ಬರುವುದಿಲ್ಲ. ನನ್ನ ತೀರ್ಮಾನ ಇಷ್ಟು: ಮದ್ಯ ಉರಿಯೂತವನ್ನು ಮತ್ತೆ ಮತ್ತೆ ಕೆದಕಿ ರೋಗವನ್ನು ಚುರುಕಾಗಿ ಇಡಬಹುದು, ಆದರೆ ಮೂಗು ನೋಡಿ ಕುಡಿತ ಅಳೆಯಲು ಸಾಧ್ಯವಿಲ್ಲ.

ಲೆಕ್ಕ ಹೇಳಿಬಿಡುತ್ತೇನೆ. ನಮ್ಮಲ್ಲಿ ಸಿಗುವ ವಿಸ್ಕಿ, ರಮ್ ಸಾಮಾನ್ಯವಾಗಿ 42.8%. ಅದರ 30 ಮಿಲಿಯಲ್ಲಿ ಸುಮಾರು 10 ಗ್ರಾಂ ಆಲ್ಕೋಹಾಲ್, ನೈಂಟಿಯಲ್ಲಿ 30, 180 ಮಿಲಿಯ ಕ್ವಾರ್ಟರ್‌ನಲ್ಲಿ 60. "ಬರೀ ಬಿಯರ್" ಎನ್ನುವವರಿಗೆ: 8%ನ 650 ಮಿಲಿ ಸ್ಟ್ರಾಂಗ್ ಬಾಟಲಿಯಲ್ಲಿ 41 ಗ್ರಾಂ, ನೈಂಟಿಗಿಂತ ಹೆಚ್ಚೇ. ಮಾವನವರು ಕುಡಿಯುವ ದಿನ 30 ಗ್ರಾಂ ಆಗುತ್ತದೆ, ವಾರದ ಸರಾಸರಿ ತೆಗೆದರೆ ದಿನಕ್ಕೆ 9ರಿಂದ 13. ಮನೆಯಲ್ಲಿ ಸುರಿದುಕೊಳ್ಳುವ ಪೆಗ್ ಸರಿಯಾಗಿ 30 ಮಿಲಿ ಇರುವುದು ಅಪರೂಪ, ಒಮ್ಮೆ ಅಳತೆ ಲೋಟದಲ್ಲಿ ಅಳೆದು ನೋಡಿ.

ಅವರ ಮುಖಕ್ಕೆ ಮದ್ಯ ಆಗುತ್ತದೋ ಇಲ್ಲವೋ ಎಂದು ಮನೆಯಲ್ಲೇ ತಿಳಿಯಬಹುದು. ನಾಲ್ಕು ವಾರ ಪೂರ್ತಿ ನಿಲ್ಲಿಸಿ, ಆ ಅವಧಿಯಲ್ಲಿ ಹೊಸ ಕ್ರೀಮು, ಹೊಸ ಮಾತ್ರೆ ಯಾವುದನ್ನೂ ಶುರು ಮಾಡಬೇಡಿ. ವಾರಕ್ಕೊಮ್ಮೆ ಒಂದೇ ಕಿಟಕಿಯ ಬೆಳಕಿನಲ್ಲಿ, ಬೆಳಿಗ್ಗೆ, ಫ್ಲ್ಯಾಶ್ ಇಲ್ಲದೆ ಮೂರು ಫೋಟೋ ತೆಗೆಯಿರಿ: ಎದುರು, ಎಡ, ಬಲ. ಫೋನಿನ ಬ್ಯೂಟಿ ಮೋಡ್ ಆಫ್ ಮಾಡಿ, ಅದು ಕೆಂಪನ್ನೇ ಅಳಿಸಿಬಿಡುತ್ತದೆ. ನಮ್ಮ ಗೋಧಿ, ಕಪ್ಪು ಬಣ್ಣದ ಚರ್ಮದಲ್ಲಿ ಕೆಂಪು ಹೇಗೂ ಸರಿಯಾಗಿ ಕಾಣುವುದಿಲ್ಲ, ಕಂದು ನೇರಳೆ ಛಾಯೆಯಂತೆ ಕಾಣುತ್ತದೆ. ಆದ್ದರಿಂದ "ಬಿಸಿ ಅನಿಸಿತೇ, ಚುರುಗುಟ್ಟಿತೇ" ಎಂಬುದನ್ನೂ ಬರೆದಿಡಿ. ಬಿಸಿಲು, ಬಿಸಿ ಸ್ನಾನ, ಖಾರದೂಟ, ಒಲೆಯ ಮುಂದೆ ನಿಂತದ್ದು ಎಲ್ಲವೂ ಅದೇ ಪಟ್ಟಿಯಲ್ಲಿ ಇರಲಿ. ಕಾಫಿಗೆ ಹೆದರಬೇಡಿ. ಅದೇ ನರ್ಸ್‌ಗಳ ಗುಂಪಿನಲ್ಲಿ ಕಾಫಿ ಹೆಚ್ಚು ಕುಡಿದವರಿಗೆ ರೋಸೇಶಿಯಾ ಕಡಿಮೆಯೇ ಇತ್ತು. ತೊಂದರೆ ಕೊಡುವುದು ಬಿಸಿ, ಬೈಟು ಕಾಫಿಯನ್ನು ಸ್ವಲ್ಪ ಆರಿಸಿ ಕುಡಿದರೆ ಸಾಕು.

ಒಂದು ಎಚ್ಚರಿಕೆ. ನೀವು ಹೇಳಿದಷ್ಟೇ ಕುಡಿಯುತ್ತಿದ್ದರೆ ಥಟ್ಟನೆ ನಿಲ್ಲಿಸಬಹುದು. ದಿನವೂ ಕ್ವಾರ್ಟರ್ ಅಥವಾ ಹೆಚ್ಚು, ಬೆಳಿಗ್ಗೆ ಕೈ ನಡುಗುತ್ತದೆ ಎಂದಾದರೆ ಒಮ್ಮೆಲೇ ಬಿಡಿಸಬೇಡಿ. ಮೊದಲ ಮೂರು ದಿನಗಳಲ್ಲಿ ಫಿಟ್ಸ್, ಭ್ರಮೆ ಬರಬಹುದು, ಜೀವಕ್ಕೇ ಅಪಾಯ. ನಿಮ್ಹಾನ್ಸ್‌ನಲ್ಲಿ ವ್ಯಸನ ಚಿಕಿತ್ಸಾ ಕೇಂದ್ರವಿದೆ, ಅಂಥವರು ಮೊದಲು ಅಲ್ಲಿಗೆ ಹೋಗಲಿ.

"ಇರಬಹುದು" ಎಂಬ ಹಂತದಲ್ಲೇ ನಿಂತಿದ್ದೀರಿ, ಅದು ಸಾಲದು. ದಪ್ಪ ಮೂಗೆಲ್ಲ ರೈನೋಫೈಮಾ ಅಲ್ಲ. ಕಿವಿಯ ಹಾಲೆಯೂ ದಪ್ಪಗಿದ್ದರೆ, ಹುಬ್ಬಿನ ಹೊರಭಾಗದ ಕೂದಲು ಉದುರಿದ್ದರೆ, ಕೈಕಾಲಲ್ಲಿ ಜೋಮು, ಸ್ಪರ್ಶ ತಿಳಿಯದ ಜಾಗ ಇದ್ದರೆ ಕುಷ್ಠವನ್ನು ಪರೀಕ್ಷಿಸಲೇಬೇಕು. ಅದಕ್ಕೆ ಚರ್ಮದ ಸ್ಮಿಯರ್ ಪರೀಕ್ಷೆ ಇದೆ, ಉಚಿತ ಔಷಧಿಯೂ ಇದೆ. ಚರ್ಮದ ಕ್ಷಯ, ಸಾರ್ಕಾಯ್ಡೋಸಿಸ್ (ಅಂಗಗಳಲ್ಲಿ ಉರಿಯೂತದ ಸಣ್ಣ ಗಂಟು ಕಟ್ಟುವ ರೋಗ) ಕೂಡ ಮೂಗಿಗೆ ಬರುತ್ತವೆ. ಒಂದೇ ಕಡೆ ಬೆಳೆಯುತ್ತಿದ್ದರೆ, ವಾಸಿಯಾಗದ ಹುಣ್ಣಿದ್ದು ರಕ್ತ ಬರುತ್ತಿದ್ದರೆ ಬಯಾಪ್ಸಿ ಮುಂದೂಡಬೇಡಿ, ಚರ್ಮದ ಕ್ಯಾನ್ಸರ್ ಈ ದಪ್ಪದೊಳಗೇ ಅಡಗಿರಬಹುದು. ಬೌರಿಂಗ್, ವಿಕ್ಟೋರಿಯಾ ಆಸ್ಪತ್ರೆಗಳ ಚರ್ಮರೋಗ ವಿಭಾಗಗಳಲ್ಲಿ ಕಡಿಮೆ ಖರ್ಚಿನಲ್ಲಿ ತೋರಿಸಬಹುದು.

ನಮ್ಮೂರಿನಲ್ಲಿ ನನಗೆ ಮದ್ಯಕ್ಕಿಂತ ಹೆಚ್ಚು ಅನುಮಾನ ಮೆಡಿಕಲ್ ಶಾಪಿನ ಟ್ಯೂಬುಗಳ ಮೇಲೆ. ಬೆಟಾಮೆಥಸೋನ್, ಕ್ಲೋಬೆಟಸಾಲ್, ಅಥವಾ ಬೆಳ್ಳಗಾಗಲು ಎಂದು ಕೊಡುವ ಮೊಮೆಟಸೋನ್ ಬೆರೆತ ಕ್ರೀಮು, ಇವೆಲ್ಲ ಸ್ಟೀರಾಯ್ಡ್. ಹಚ್ಚಿದ ದಿನ ಕೆಂಪು ಇಳಿಯುತ್ತದೆ, ನಿಲ್ಲಿಸಿದರೆ ದುಪ್ಪಟ್ಟು ಏರುತ್ತದೆ, ಮತ್ತೆ ಹಚ್ಚುತ್ತಾರೆ. ತಿಂಗಳುಗಟ್ಟಲೆ ಹೀಗಾದರೆ ಚರ್ಮ ತೆಳುವಾಗಿ ಸ್ಟೀರಾಯ್ಡ್‌ನದೇ ರೋಸೇಶಿಯಾ ಬರುತ್ತದೆ. 2018ರಲ್ಲಿ ಇಂಥ ಕ್ರೀಮುಗಳನ್ನು ಷೆಡ್ಯೂಲ್ ಎಚ್‌ಗೆ ಸೇರಿಸಿ ಚೀಟಿ ಕಡ್ಡಾಯ ಮಾಡಿದರೂ ಕೇಳಿದರೆ ಕೊಡುವ ಅಂಗಡಿಗಳಿವೆ. ಮಾವನವರ ಕಪಾಟಿನಲ್ಲಿರುವ ಟ್ಯೂಬಿನ ಹಿಂದಿನ ಸಣ್ಣಕ್ಷರ ಓದಿ. ಶೇವಿಂಗ್ ಆದಮೇಲೆ ಪಟಿಕ ಉಜ್ಜುವುದು, ಆಫ್ಟರ್‌ಶೇವ್, ನಿಂಬೆರಸ, ಸಲೂನಿನ ಸ್ಟೀಮು ಎಲ್ಲ ನಿಲ್ಲಲಿ. ಬಿಪಿಗೆ ಆಮ್ಲೋಡಿಪಿನ್ ತೆಗೆದುಕೊಳ್ಳುತ್ತಿದ್ದರೆ ಅದೂ ಮುಖ ಕೆಂಪಾಗಿಸಬಲ್ಲದು. ಡಾಕ್ಟರಿಗೆ ಹೇಳಿ, ನೀವೇ ನಿಲ್ಲಿಸಬೇಡಿ.

ಚಿಕಿತ್ಸೆಯಲ್ಲಿ ಮುಖ್ಯವಾದ ಪ್ರಶ್ನೆ, ಮೂಗು ಇನ್ನೂ ಸಕ್ರಿಯವಾಗಿದೆಯೇ ಎಂಬುದು. ಮೆತ್ತಗೆ, ಕೆಂಪಗೆ, ಗುಳ್ಳೆಗಳೊಂದಿಗೆ ಇದ್ದರೆ ಡಾಕ್ಸಿಸೈಕ್ಲಿನ್ ಅಥವಾ ಕಡಿಮೆ ಪ್ರಮಾಣದ ಐಸೊಟ್ರೆಟಿನಾಯಿನ್ ಕೊಡುತ್ತಾರೆ. ಐಸೊಟ್ರೆಟಿನಾಯಿನ್ ಎಣ್ಣೆ ಗ್ರಂಥಿಗಳನ್ನು ಕುಗ್ಗಿಸುತ್ತದೆ, ಸಾಮಾನ್ಯವಾಗಿ ದಿನಕ್ಕೆ 10-20 ಮಿಗ್ರಾಂ, ಕೆಲವು ತಿಂಗಳು. ನಾರು ಗಟ್ಟಿಯಾಗಿಬಿಟ್ಟ ಮೇಲೆ ಅದರಿಂದ ಹೆಚ್ಚು ಪ್ರಯೋಜನವಿಲ್ಲ. ಮೆಟ್ರೊನಿಡಜೋಲ್ 0.75% ಜೆಲ್, ಐವರ್ಮೆಕ್ಟಿನ್ 1% ಕ್ರೀಮು ಗುಳ್ಳೆಗಳಿಗೆ ಒಳ್ಳೆಯವು, ದಪ್ಪ ಇಳಿಸುವುದಿಲ್ಲ. ಸನ್‌ಸ್ಕ್ರೀನ್ ಎಸ್‌ಪಿಎಫ್ 30ಕ್ಕಿಂತ ಮೇಲಿನದು, ಎರಡು ಬೆರಳುದ್ದ, ಮುಖ ಕುತ್ತಿಗೆಗೆ. ಬೆಂಗಳೂರು ಸುಮಾರು 900 ಮೀಟರ್ ಎತ್ತರದಲ್ಲಿದೆ, ಹವೆ ತಂಪಾಗಿದೆ ಎಂದು ಬಿಸಿಲಿನ ನೇರಳಾತೀತ ಕಿರಣ ಕಡಿಮೆಯಾಗುವುದಿಲ್ಲ.

ಮದ್ಯ ನಿಜಕ್ಕೂ ಅಡ್ಡಬರುವುದು ಇಲ್ಲಿ. ಐಸೊಟ್ರೆಟಿನಾಯಿನ್ ಟ್ರೈಗ್ಲಿಸರೈಡ್, ಲಿವರ್ ಎನ್‌ಜೈಮ್ ಎರಡನ್ನೂ ಏರಿಸಬಲ್ಲದು, ಮದ್ಯವೂ ಅದನ್ನೇ ಮಾಡುತ್ತದೆ. ಶುರು ಮಾಡುವ ಮೊದಲು ಮತ್ತು ಒಂದೆರಡು ತಿಂಗಳೊಳಗೆ ರಕ್ತಪರೀಕ್ಷೆ, ಕೋರ್ಸ್ ಮುಗಿಯುವ ತನಕ ವಿಸ್ಕಿ ಬೇಡ. ಉರಿಯೂತ ತಗ್ಗಿಸುವ ಟ್ಯಾಕ್ರೊಲಿಮಸ್ ಮುಲಾಮು ಹಚ್ಚಿದವರಿಗೆ ಸ್ವಲ್ಪ ಕುಡಿದರೂ ಮುಖ ಧಗ್ಗನೆ ಕೆಂಪಾಗಬಹುದು. ನೋಡಿದವರು ರೋಗ ಉಲ್ಬಣಿಸಿತು ಎಂದೇ ತಿಳಿಯುತ್ತಾರೆ.

ಗಟ್ಟಿಯಾದ ಮೂಗಿಗೆ ದಾರಿ ಕೆತ್ತುವುದೊಂದೇ: ಕಾರ್ಬನ್ ಡೈಆಕ್ಸೈಡ್ ಲೇಸರ್, ವಿದ್ಯುತ್ ಲೂಪ್, ಬ್ಲೇಡ್ ಅಥವಾ ಡರ್ಮಾಬ್ರೇಷನ್ (ಯಂತ್ರದಿಂದ ಚರ್ಮ ಉಜ್ಜಿ ತೆಗೆಯುವುದು). ಸಾಮಾನ್ಯವಾಗಿ ಆ ಜಾಗವನ್ನಷ್ಟೇ ಮರಗಟ್ಟಿಸಿ ಪದರ ಪದರವಾಗಿ ತೆಗೆಯುತ್ತಾರೆ. ಗ್ರಂಥಿಗಳ ತಳಭಾಗವನ್ನು ಉಳಿಸಬೇಕು, ಹೊಸ ಚರ್ಮ ಹುಟ್ಟುವುದು ಅಲ್ಲಿಂದಲೇ. ಆಳಕ್ಕೆ ಹೋದರೆ ಮೂಗಿನ ಹೊಳ್ಳೆ ಎಳೆದುಕೊಂಡು ಕಚ್ಚು ಬೀಳುತ್ತದೆ, ಬಿಳಿ ಕಲೆ ಉಳಿಯುತ್ತದೆ. ನಮ್ಮ ಬಣ್ಣದವರಿಗೆ ಈ ಕಲೆ ಎದ್ದು ಕಾಣುವುದರಿಂದ ಸ್ವಲ್ಪ ಕಡಿಮೆಯೇ ತೆಗೆಯುವ ವೈದ್ಯರು ವಾಸಿ. ತೇವದ ಡ್ರೆಸ್ಸಿಂಗ್‌ನಲ್ಲಿ ಎರಡು ಮೂರು ವಾರಕ್ಕೆ ಚರ್ಮ ಮುಚ್ಚುತ್ತದೆ, ಕೆಂಪು ಕೆಲವು ತಿಂಗಳು ಇರುತ್ತದೆ. ರಕ್ತ ಹೆಪ್ಪುಗಟ್ಟದಂತೆ ಕೊಡುವ ಆಸ್ಪಿರಿನ್, ಕ್ಲೋಪಿಡೊಗ್ರೆಲ್ ಇದ್ದರೆ ಮೊದಲೇ ತಿಳಿಸಿ, ಮೂಗಿನಲ್ಲಿ ರಕ್ತ ಹೆಚ್ಚು ಹೋಗುತ್ತದೆ. ತೆಗೆದ ತುಂಡನ್ನು ಪೆಥಾಲಜಿಗೆ ಕಳಿಸಿ ಎಂದು ನೀವೇ ಕೇಳಿ.

ಇನ್ಶೂರೆನ್ಸ್ ಕಂಪನಿಗಳು ಇದನ್ನು ಸೌಂದರ್ಯ ಚಿಕಿತ್ಸೆ ಎಂದು ತಳ್ಳಿಹಾಕುವ ಸಾಧ್ಯತೆ ಇದೆ. ಹೊಳ್ಳೆ ಮುಚ್ಚಿ ಉಸಿರಾಟಕ್ಕೆ ತೊಂದರೆಯಾಗುತ್ತಿದ್ದರೆ ಅದನ್ನು ಇಎನ್‌ಟಿ ಡಾಕ್ಟರಿಂದ ಬರೆಸಿಕೊಂಡು, ಫೋಟೋಗಳ ಜೊತೆ ಆಪರೇಷನ್‌ಗೆ ಮುಂಚೆಯೇ ಅನುಮತಿಗೆ ಹಾಕಿ. ಕಣ್ಣಲ್ಲಿ ಮರಳು ಬಿದ್ದಂತೆ ಕಿರಿಕಿರಿ ಅಥವಾ ಪದೇಪದೇ ಕಣ್ಣುಕುಟಿಗೆ ಆಗುತ್ತಿದ್ದರೆ ಅದೇ ವಾರ ಕಣ್ಣಿನ ಡಾಕ್ಟರಿಗೂ ತೋರಿಸಿ. ರೋಸೇಶಿಯಾ ಕಣ್ಣಿಗೂ ಬರುತ್ತದೆ, ಬಿಟ್ಟರೆ ಕಾರ್ನಿಯಾಕ್ಕೆ ಹಾನಿಯಾಗಬಹುದು.