ಚೇಲೆ ಕಟ್ಟಿದ ಅಜ್ಜಿಯನ್ನು ಯಾಕೆ ಬಿಟ್ಟು ಬಂದಳು?

ಸೋಮವಾರಪೇಟೆಯ ಓದುಗರೊಬ್ಬರು ಬರೆದಿದ್ದಾರೆ: "ಕಳೆದ ಸಂಚಿಕೆಯ ಕಥೆ ಓದಿ ಬೇಸರವಾಯಿತು. ಕೊಡಗಿನ ಗಂಡಸರು ತೊಡುವ ನಿಲುವಂಗಿ ಕುಪ್ಯ, ಅದೂ ಅಜ್ಜನ ಹಳೇ ಕುಪ್ಯ ತೊಟ್ಟರೆ ಕಾಲ ನಿಲ್ಲುತ್ತದೆ ಅಂತೀರಿ. ಹುಡುಗಿ ಅದನ್ನು ತೊಟ್ಟು, ಜಾರುತ್ತಿರುವ ಗುಡ್ಡದ ಕೆಳಗಿಂದ ಪಕ್ಕದ ಮನೆಯ ಮಗುವನ್ನು ಹೊತ್ತು ತರುತ್ತಾಳೆ. ಸ್ವಂತ ಅಜ್ಜಿಯನ್ನು ಮಾತ್ರ ಬಿಟ್ಟು ಬರುತ್ತಾಳೆ. ಅಷ್ಟು ಶಕ್ತಿಯ ಬಟ್ಟೆ ಗುಡ್ಡವನ್ನೇ ಹಿಂದಕ್ಕೆ ಕಳಿಸಬಾರದಿತ್ತೇ? 2018ರ ಗುಡ್ಡ ಕುಸಿತ ಕಂಡ ನಮಗೆ ಇಂಥ ಕಥೆ ಯಾಕೆ? ಕಾಲ ಎಲ್ಲರಿಗೂ ಒಂದೇ. ಅದನ್ನು ಆಡಿಸಲೇಬೇಕೆಂದರೆ ಗಡಿಯಾರವೋ ಉಂಗುರವೋ ಸಾಕಿತ್ತು. ಕುಪ್ಯವೇ ಯಾಕೆ? ಮುಂದಿನ ಭಾಗದಲ್ಲಾದರೂ ಅಜ್ಜಿಯನ್ನು ವಾಪಸ್ ತರಿಸಿ."

ಪ್ರಿಯ ಓದುಗರೇ,

ನಿಮ್ಮ ಸಿಟ್ಟಿನಲ್ಲಿ ಅಜ್ಜಿಯ ಮೇಲಿನ ಪ್ರೀತಿ ಇದೆ. ಹುಡುಗಿ ಕುಪ್ಯ ತೊಟ್ಟಿದ್ದಕ್ಕೆ ನೀವು ಆಕ್ಷೇಪ ಎತ್ತಲಿಲ್ಲ, ಅದೂ ಸಂತೋಷ. ಆದರೆ ಈ ಕಥೆಯನ್ನು ಆರಿಸಿದ್ದು ನಾನು. ಹಾಗಾಗಿ ಉತ್ತರ ಕೊಡಬೇಕಾದ್ದೂ ನಾನೇ.

ಮೊದಲು ಕುಪ್ಯದ ವಿಷಯ. ಉಂಗುರವನ್ನು ಯಾರು ಬೇಕಾದರೂ ಒಬ್ಬರೇ ಬೆರಳಿಗೆ ಹಾಕಿಕೊಳ್ಳಬಹುದು. ಕಥೆಗಾರ್ತಿಗೆ ಅದು ಬೇಡವಾಗಿತ್ತು. ಮೊಣಕಾಲವರೆಗೆ ಇಳಿಯುವ ಕಪ್ಪು ಕುಪ್ಯ, ಅರ್ಧ ತೋಳು, ಸೊಂಟಕ್ಕೆ ಕೆಂಪು ರೇಷ್ಮೆಯ ಚೇಲೆ, ಅದರಲ್ಲಿ ಸಿಕ್ಕಿಸಿದ ಪೀಚೆಕತ್ತಿ. ಇಷ್ಟೂ ನಮಗೆ ಗೊತ್ತಿರುವುದೇ. ಇದಕ್ಕೆ ಅವರು ಒಂದು ಷರತ್ತು ಸೇರಿಸಿದರು. ಚೇಲೆಯ ತುದಿಯನ್ನು ಇನ್ನೊಬ್ಬರು ಹಿಡಿದು ಕಟ್ಟಿದರೆ ಮಾತ್ರ ಕಾಲ ನಿಲ್ಲುತ್ತದೆ. ಕಟ್ಟಿದವರು ನಿಂತ ಜಾಗದಿಂದ ಕದಲಿದರೆ ಗಂಟು ಬಿಚ್ಚಿಕೊಳ್ಳುತ್ತದೆ. ಅಂದರೆ ಯಾರನ್ನು ಬೇಕಾದರೂ ಹೊತ್ತು ತರಬಹುದು, ಕಟ್ಟಿದವರನ್ನು ಮಾತ್ರ ಆಗದು.

ಅಜ್ಜಿಗೆ ಇದು ಗೊತ್ತಿತ್ತು. ಗಂಟು ಬಿಗಿಯುತ್ತಾಳೆ, ಪೀಚೆಕತ್ತಿ ಸರಿಮಾಡುತ್ತಾಳೆ, ತೋಳಿನ ಸುಕ್ಕನ್ನು ಅಂಗೈಯಲ್ಲಿ ಸವರುತ್ತಾಳೆ. ಒಂದು ಮಾತೂ ಆಡುವುದಿಲ್ಲ. ಆ ಅರ್ಧ ಪುಟವನ್ನು ದಯವಿಟ್ಟು ಇನ್ನೊಮ್ಮೆ ಓದಿ. ಬಿಟ್ಟು ಬಂದವಳು ಹುಡುಗಿಯಲ್ಲ. ಉಳಿಯುತ್ತೇನೆ ಅಂತ ತೀರ್ಮಾನ ಮಾಡಿದವಳು ಅಜ್ಜಿ.

ಬಟ್ಟೆಯಲ್ಲಿ ಒಂದು ಗಳಿಗೆ ಉಳಿದುಬಿಡುವುದು ನಮ್ಮ ಕಡೆ ಹೊಸತೂ ಅಲ್ಲ. ಅಗಸ್ತ್ಯರನ್ನು ಬಿಟ್ಟು ನದಿಯಾಗಿ ಹರಿದ ಕಾವೇರಿಯನ್ನು ತಡೆಯಲು ಕೊಡಗಿನ ಬಲಮುರಿಯಲ್ಲಿ ಹೆಂಗಸರು ನೀರಿಗಿಳಿದರಂತೆ. ನೀರಿನ ರಭಸಕ್ಕೆ ಸೀರೆಯ ನೆರಿಗೆಗಳು ಹಿಂದಕ್ಕೆ ಸರಿದವು. ಇವತ್ತಿಗೂ ಕೊಡಗಿನ ಸೀರೆಯ ನೆರಿಗೆ ಹಿಂದೆಯೇ ಇದೆ. ಆ ಕಥೆ ಕೇಳಿ ಬೆಳೆದವರಿಗೆ ಕುಪ್ಯ ಕಾಲವನ್ನು ಹಿಡಿದಿಟ್ಟರೆ ನಂಬಲು ಕಷ್ಟವೇನಿದೆ?

ಕಾಲ ಎಲ್ಲರಿಗೂ ಒಂದೇ ಅಂದಿರಿ. ಪೂರ್ತಿ ಹಾಗಿಲ್ಲ. ಎತ್ತರಕ್ಕೆ ಹೋದಷ್ಟೂ ಗಡಿಯಾರ ತುಸು ಬೇಗ ಓಡುತ್ತದೆ ಅನ್ನುವುದು ಐನ್‌ಸ್ಟೈನ್ ಸಿದ್ಧಾಂತ. ಅಣು ಗಡಿಯಾರಗಳಿಂದ ಇದನ್ನು ಅಳೆದೂ ನೋಡಿದ್ದಾರೆ. ಮಂಗಳೂರಿನ ಕಡಲ ತೀರಕ್ಕಿಂತ ಸಾವಿರದ ನೂರು ಮೀಟರಿಗೂ ಜಾಸ್ತಿ ಎತ್ತರದಲ್ಲಿರುವ ಮಡಿಕೇರಿಯಲ್ಲಿ ಗಡಿಯಾರ ವರ್ಷಕ್ಕೆ ಸುಮಾರು 4 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತದೆ. ಒಂದು ಸೆಕೆಂಡಿನ 10 ಲಕ್ಷದಲ್ಲಿ 4 ಪಾಲು ಅಷ್ಟೇ. ಆದರೂ ವ್ಯತ್ಯಾಸ ವ್ಯತ್ಯಾಸವೇ, ಅಲ್ವಾ?

ಈಗ ಗುಡ್ಡದ ಮಾತು. ಇದನ್ನು ಬರೆಯುವುದು ನನಗೂ ಸುಲಭವಲ್ಲ. 2018ರ ಆಗಸ್ಟಿನಲ್ಲಿ ಮಕ್ಕಂದೂರು, ಜೋಡುಪಾಲ, ಹಟ್ಟಿಹೊಳೆ ಕಡೆ ಗುಡ್ಡಗಳು ಕ್ಷಣದಲ್ಲಿ ಜಾರಿದ ಹಾಗೆ ಕಂಡವು. ಆದರೆ ಅದು ಕ್ಷಣದ ಕೆಲಸವಲ್ಲ. ಜೂನ್‌ನಿಂದ ಸುರಿದ ಮಳೆಯನ್ನು ಮಣ್ಣು ಕುಡಿಯುತ್ತಲೇ ಇತ್ತು. ಆಗಸ್ಟಿನ ಮಳೆ ಬರುವ ಹೊತ್ತಿಗೆ ಇನ್ನು ಕುಡಿಯಲು ಜಾಗವೇ ಇರಲಿಲ್ಲ. ರಸ್ತೆಗೆ, ಕಟ್ಟಡಕ್ಕೆ ಅಂತ ಇಳಿಜಾರನ್ನು ಕಡಿದದ್ದು ಅದಕ್ಕೂ ಎಷ್ಟೋ ವರ್ಷ ಹಿಂದೆ. ಕುಪ್ಯ ಗುಡ್ಡವನ್ನು ಹಿಂದಕ್ಕೆ ಕಳಿಸಬೇಕಿತ್ತು ಅಂತೀರಿ. ಎಷ್ಟು ಹಿಂದಕ್ಕೆ? ಒಂದು ಗಂಟೆ ಹಿಂದೆ ಹೋದರೂ ಮಣ್ಣೊಳಗೆ ಅದೇ ನೀರು. ಒಂದು ವಾರ ಹಿಂದೆ ಹೋದರೂ ಅದೇ ಕಡಿದ ಇಳಿಜಾರು. ಒಂದು ಮಂತ್ರದ ಬಟ್ಟೆ ಬಂದು ಎಲ್ಲ ಸರಿಮಾಡಿತು ಅಂತ ಅಚ್ಚು ಹಾಕಿದ್ದರೆ, ಮನೆ ಕಳೆದುಕೊಂಡವರ ಮುಖ ನೋಡಲು ನನ್ನಿಂದ ಆಗುತ್ತಿರಲಿಲ್ಲ.

ಕಥೆಯಲ್ಲಿ ನನಗೆ ತುಂಬಾ ಇಷ್ಟವಾದದ್ದು ಅಜ್ಜನ ಪ್ರಸಂಗ. ನೀವು ಅದರ ಬಗ್ಗೆ ಏನೂ ಬರೆದಿಲ್ಲ. ಕೊಡಗಿನ ಸುಗ್ಗಿ ಹಬ್ಬ ಹುತ್ತರಿಯ ರಾತ್ರಿ. ನೆರೆ (ಎಲೆಗಳ ಕಟ್ಟು) ಕಟ್ಟುವ ಹೊತ್ತು, ಕದಿರು (ಹೊಸ ಭತ್ತದ ತೆನೆ) ತೆಗೆಯುವ ಹೊತ್ತು, ಊಟದ ಹೊತ್ತು ಎಲ್ಲವೂ ಕಕ್ಕಬೆಯ ಪಾಡಿ ಇಗ್ಗುತ್ತಪ್ಪ ದೇವರ ಸನ್ನಿಧಿಯಲ್ಲಿ ನಿಗದಿಯಾಗಿದೆ. ಕುಲದ ಮೂಲಮನೆಯಾದ ಐನ್‌ಮನೆಯಲ್ಲಿ ಒಕ್ಕದವರೆಲ್ಲ, ಅಂದರೆ ಇಡೀ ಕುಲದವರು, ಸೇರಿದ್ದಾರೆ. ಬಾರದವನು ಅಜ್ಜನ ತಮ್ಮ ಒಬ್ಬನೇ. ಸೈನ್ಯದಿಂದ ರಜೆ ಸಿಕ್ಕಿದೆ, ದಾರಿಯಲ್ಲಿದ್ದಾನೆ. ಕದಿರು ತೆಗೆಯುವಾಗಿನ ಗುಂಡು ಹಾರಲು ಇನ್ನೇನು ಸ್ವಲ್ಪವೇ ಹೊತ್ತು. ಅಜ್ಜ ಚೇಲೆ ಕಟ್ಟಿಸಿಕೊಂಡು ಕಾಲವನ್ನು ನಿಲ್ಲಿಸುತ್ತಾನೆ. ತಮ್ಮ ಬರಲಿ ಅಂತ ಗದ್ದೆಯ ಬದುವಿನಲ್ಲಿ ಕಾಯುತ್ತಾನೆ. ತಮ್ಮ ಬರುವುದಿಲ್ಲ. ಹೇಗೆ ಬರುತ್ತಾನೆ? ಕಾಲ ನಿಂತಾಗ ದಾರಿಯಲ್ಲಿದ್ದವನೂ ನಿಂತಿದ್ದಾನೆ. ಎತ್ತಿದ ಹೆಜ್ಜೆ ಎತ್ತಿದಂತೇ ಇದೆ. ಅಜ್ಜನೊಬ್ಬನಿಗೆ ಮಾತ್ರ ಹಸಿವಾಗುತ್ತದೆ, ಗಡ್ಡ ಬೆಳೆಯುತ್ತದೆ. ಕೊನೆಗೆ ಗಂಟು ಬಿಚ್ಚುತ್ತಾನೆ. ಗುಂಡು ಹಾರುತ್ತದೆ, ಸಮೃದ್ಧಿ ಬೇಡುತ್ತಾ "ಪೊಲಿ ಪೊಲಿ ದೇವಾ" ಅಂತ ಎಲ್ಲರೂ ಕೂಗುತ್ತಾರೆ. ತಮ್ಮ ಬಂದು ಸೇರುವುದು ಊಟದ ಹೊತ್ತಿಗೆ. ಅಣ್ಣನ ಗಡ್ಡ ನೋಡಿ, "ಹುಷಾರಿಲ್ವಾ?" ಅಂತ ಕೇಳುತ್ತಾನೆ.

ಕಾಲವನ್ನು ಹಿಡಿಯುವ ಕಥೆಗಳಲ್ಲಿ ನಾಯಕ ಏನೇನು ಗೆದ್ದ ಅನ್ನುವುದೇ ಜಾಸ್ತಿ ಇರುತ್ತದೆ. ಇಲ್ಲಿ ಅವನು ಎಲ್ಲರಿಂದ ದೂರವಾಗುತ್ತಾನೆ. ಹುತ್ತರಿಯ ಹೊತ್ತು ಒಬ್ಬರದ್ದಲ್ಲ, ಇಡೀ ಒಕ್ಕದ್ದು. ಅದನ್ನು ಒಬ್ಬನೇ ಜೇಬಿಗೆ ಹಾಕಿಕೊಂಡರೆ ಅದು ಹುತ್ತರಿಯಾಗಿ ಉಳಿಯುವುದಿಲ್ಲ. ಈ ಕಾರಣಕ್ಕೇ ನಾನು ಕಥೆಯನ್ನು ಒಂದಕ್ಷರವೂ ಕತ್ತರಿಸದೆ ಹಾಕಿದೆ.

ಅಜ್ಜಿಯನ್ನು ಮುಂದಿನ ಭಾಗದಲ್ಲಿ ವಾಪಸ್ ತರಿಸಿ ಅಂತ ಪತ್ರದ ಕೊನೆಯಲ್ಲಿ ಕೇಳಿದ್ದೀರಿ. ಕಥೆಗಾರ್ತಿಗೆ ನಾನು ಹಾಗೆ ಹೇಳುವುದಿಲ್ಲ. ನಿಮ್ಮ ಪತ್ರವನ್ನು ಮಾತ್ರ ಅವರಿಗೆ ತಲುಪಿಸಿದ್ದೇನೆ. ನಿಮಗೆ ಅಜ್ಜಿ ಬದುಕಲೇಬೇಕು ಅನಿಸಿದರೆ ನೀವೇ ಬರೆದು ಕಳಿಸಿ, ಪ್ರೀತಿಯಿಂದ ಓದುತ್ತೇನೆ. ಷರತ್ತನ್ನು ಮಾತ್ರ ಸಡಿಲಿಸಬೇಡಿ. ಅಜ್ಜಿಯ ಬದಲು ಚೇಲೆಯ ತುದಿ ಹಿಡಿಯುವವರು ಯಾರು ಅಂತ ಮೊದಲೇ ಯೋಚಿಸಿಕೊಂಡು ಶುರುಮಾಡಿ.

— ಸಂಪಾದಕ