ಪ್ಯಾರಿಸ್ಸಿನ ಸೆಟ್ಟಿಗೆ ಬರುವ ಮುಂಚೆ

ತಮ್ಮಾ, ನೀನು ಅಕ್ಕಾ ಅಂತ ಕರೆದಿದ್ದೀಯ, ನಾನೂ ಸಲುಗೆಯಿಂದಲೇ ಬರೆಯುತ್ತೇನೆ. ಮೈಸೂರಿನ ಕಲಾಶಾಲೆ ಕಾವಾದಲ್ಲಿ ಓದಿದ್ದೀಯ, ಬೆಂಗಳೂರಲ್ಲಿ ಎರಡು ಸಿನಿಮಾಕ್ಕೆ ಸೆಟ್ ಕೆಲಸ ಮಾಡಿದ್ದೀಯ. ಫ್ರೆಂಚ್ ಸಿನಿಮಾದಲ್ಲಿ ಪ್ರೊಡಕ್ಷನ್ ಡಿಸೈನರ್ ಆಗಬೇಕು, ಹೊರಗಿನವರನ್ನು ಸೇರಿಸಿಕೊಳ್ಳುತ್ತಾರಾ, ಎಷ್ಟು ವರ್ಷ ಹಿಡಿಯುತ್ತದೆ ಅಂತ ಕೇಳಿದ್ದೀಯ.

ಜಾಸ್ತಿನೇ ಹಿಡಿಯುತ್ತದೆ. ನಾನು ಬಂದು ಹದಿನಾಲ್ಕು ವರ್ಷ, ಇನ್ನೂ ಅಸಿಸ್ಟೆಂಟ್. ನೀನು ಹೇಳಿದ ಪ್ರೊಡಕ್ಷನ್ ಡಿಸೈನರಿಗೆ, ಅಂದರೆ ಸೆಟ್ಟಿನ ಇಡೀ ರೂಪ ನಿರ್ಧರಿಸುವ ನಮ್ಮ ಆರ್ಟ್ ಡೈರೆಕ್ಟರಿಗೆ, ಇಲ್ಲಿ ಶೆಫ್ ದೆಕೊರಾತರ್ ಅನ್ನುತ್ತಾರೆ. ಅವರ ಕೆಳಗೆ ಅಸಿಸ್ಟೆಂಟುಗಳು, ಪೀಠೋಪಕರಣ ಹುಡುಕಿ ಜೋಡಿಸುವವರು, ಬಡಗಿಗಳು, ಪೇಂಟರುಗಳು. ನಮ್ಮೂರಲ್ಲಿ ನಾವೇ ಬಣ್ಣ ಬಳಿದು ನಾವೇ ಮೊಳೆ ಹೊಡೆದು ಅಭ್ಯಾಸ ಅಲ್ವಾ? ಇಲ್ಲಿ ಸುಮ್ನೆ ಸುತ್ತಿಗೆ ಎತ್ತಿದರೂ ಬಡಗಿಯ ಮುಖ ಗಂಟಾಗುತ್ತದೆ.

ಭಾಷೆಯ ವಿಷಯ ಹೇಳಲೇಬೇಕು. ಮೊದಲ ವಾರ ಯಾರೋ 'ಎರಡು ಫೋಯ್ ತಗೊಂಡು ಬಾ' ಅಂದರು. ಫೋಯ್ ಅಂದರೆ ಹಾಳೆ ಅಂತ ಕ್ಲಾಸಿನಲ್ಲಿ ಕಲಿತಿದ್ದೆ. ಓಡಿಹೋಗಿ ಪ್ರಿಂಟರಿನಿಂದ ಎರಡು ಕಾಗದ ತಂದುಕೊಟ್ಟೆ. ಅವರಿಗೆ ಬೇಕಾಗಿದ್ದದ್ದು ಮರದ ಚೌಕಟ್ಟಿಗೆ ಪ್ಲೈವುಡ್ ಹೊಡೆದ ಸೆಟ್ಟಿನ ಗೋಡೆ. ಒಂದನ್ನು ಎತ್ತಲು ಇಬ್ಬರು ಬೇಕು! ಆ ಸಿನಿಮಾ ಮುಗಿಯುವವರೆಗೂ ಬೆಳಿಗ್ಗೆ ನನ್ನ ಮೇಜಿನ ಮೇಲೆ ಎರಡು ಬಿಳಿ ಹಾಳೆ ಇರುತ್ತಿದ್ದವು. ಯಾರು ಇಡುತ್ತಿದ್ದರೋ, ಇವತ್ತಿಗೂ ಗೊತ್ತಾಗಿಲ್ಲ.

ಹೊರಗಿನವರ ಮಾತಿಗೆ ಬಂದರೆ, ಈ ಕಸುಬು ಇಲ್ಲಿ ಬೆಳೆದದ್ದೇ ಹೊರಗಿನವರ ಕೈಯಲ್ಲಿ. ಹೆಸರಾಂತ ಸೆಟ್ ವಿನ್ಯಾಸಕ ಅಲೆಕ್ಸಾಂದ್ರ್ ತ್ರೋನರ್ 1906ರಲ್ಲಿ ಬುಡಾಪೆಸ್ಟಿನಲ್ಲಿ ಹುಟ್ಟಿದವರು. ಪೇಂಟಿಂಗ್ ಕಲಿತು 1929ರಲ್ಲಿ ಪ್ಯಾರಿಸ್ಸಿಗೆ ಬಂದರು. ಲಜಾರ್ ಮೀರ್ಸನ್ ಅನ್ನುವ ಸೆಟ್ ವಿನ್ಯಾಸಕರ ಹತ್ತಿರ ವರ್ಷಗಟ್ಟಲೆ ಅಸಿಸ್ಟೆಂಟ್ ಆಗಿದ್ದರು. ಆ ಮೀರ್ಸನ್ ಕೂಡ ರಷ್ಯಾ ಕಡೆಯಿಂದ ಬಂದವರೇ. 1938ರ 'ಓತೆಲ್ ದ್ಯು ನೋರ್' ಸಿನಿಮಾಕ್ಕೆ ತ್ರೋನರ್ ಪ್ಯಾರಿಸ್ಸಿನ ಸೇಂಟ್ ಮಾರ್ಟಿನ್ ಕಾಲುವೆಯ ಪ್ರತಿಯನ್ನೇ ಬಿಯಾಂಕೂರ್ ಸ್ಟುಡಿಯೋದ ಹತ್ತಿರ ತೋಡಿಸಿ, ದಡ, ಸೇತುವೆ, ಹೋಟೆಲ್ಲಿನ ಮುಂಭಾಗ ಎಲ್ಲಾ ಕಟ್ಟಿದರು. ನಿಜವಾದ ಹೋಟೆಲ್ಲಿನ ಮುಂದೆ ಇವತ್ತಿಗೂ ಜನ ಫೋಟೋ ತೆಗೆಸಿಕೊಳ್ಳುತ್ತಾರೆ. ಆ ಸೆಟ್ಟು ಎಂದೋ ಮಾಯವಾಗಿದೆ ಅನ್ನುವುದು ಎಷ್ಟು ಜನಕ್ಕೆ ಗೊತ್ತೋ.

ಆಮೇಲೆ ಯುದ್ಧ ಬಂತು. ತ್ರೋನರ್ ಯಹೂದಿ, ಕೆಲಸ ಮಾಡುವಂತಿರಲಿಲ್ಲ. ದಕ್ಷಿಣದ ಬೆಟ್ಟದೂರಿನಲ್ಲಿ ಅಡಗಿ ಕೂತು 'ಲೆಜ್ ಆಂಫಾಂ ದ್ಯು ಪಾರಾದಿ' ಸಿನಿಮಾದ ಸೆಟ್ಟಿನ ನಕ್ಷೆ ಬರೆದರು. ನೀಸ್ ಸ್ಟುಡಿಯೋದಲ್ಲಿ ಎದುರಿಗೆ ನಿಂತು ಕೆಲಸ ನಡೆಸಿದವರು ಇನ್ನೊಬ್ಬ ವಿನ್ಯಾಸಕ ಲಿಯೋಂ ಬರ್ಸಾಕ್. ಒಂದಿಡೀ ಬೀದಿ ಎದ್ದು ನಿಂತಿತು. ಆ ಸಿನಿಮಾ ನೋಡುವಾಗ ನಾನು ಈಗಲೂ ನಟರನ್ನು ಬಿಟ್ಟು ಕಿಟಕಿಗಳನ್ನೇ ನೋಡುತ್ತೇನೆ.

ದುಡ್ಡಿನ ಲೆಕ್ಕ ಬೇರೆ. ಇಲ್ಲಿ ಒಂದೊಂದು ಸಿನಿಮಾಕ್ಕೆ ಒಂದೊಂದು ಕಾಂಟ್ರಾಕ್ಟ್. 12 ತಿಂಗಳಲ್ಲಿ 507 ಗಂಟೆ ಕೆಲಸ ಮಾಡಿದ್ದರೆ, ಕೆಲಸ ಇಲ್ಲದ ದಿನಗಳಿಗೆ ಭತ್ಯೆ ಸಿಗುತ್ತದೆ. ಒಂದು ವರ್ಷ ನನಗೆ ಸ್ವಲ್ಪದರಲ್ಲಿ ತಪ್ಪಿತು. ಅರ್ಧ ಸೆಟ್ ಎದ್ದ ಮೇಲೆ ನಿರ್ಮಾಪಕರು ಕೈ ಎತ್ತಿಬಿಟ್ಟಿದ್ದರು. ಆ ಚಳಿಗಾಲ ಪೂರ್ತಿ ಜನರ ಮನೆ ಗೋಡೆಗೆ ಬಣ್ಣ ಬಳಿದೆ.

ಓದಬೇಕೆಂದರೆ ಪ್ಯಾರಿಸ್ಸಿನ ಸಿನಿಮಾ ಶಾಲೆ ಲಾ ಫೆಮಿಸ್‌ನಲ್ಲಿ ಸೆಟ್ ವಿನ್ಯಾಸಕ್ಕೇ ಒಂದು ವಿಭಾಗವಿದೆ. ಪ್ರವೇಶ ಪರೀಕ್ಷೆ ಕಷ್ಟ, ಫ್ರೆಂಚ್ ಗಟ್ಟಿ ಇರಲೇಬೇಕು. ವಿದ್ಯಾರ್ಥಿ ವೀಸಾದಲ್ಲಿ ವರ್ಷಕ್ಕೆ 964 ಗಂಟೆ ದುಡಿಯಬಹುದು. ಆ ಗಂಟೆಗಳನ್ನು ಹೋಟೆಲ್ಲಿನಲ್ಲಿ ಪಾತ್ರೆ ತೊಳೆಯಲು ಸುರಿಯಬೇಡ, ಯಾವುದಾದರೂ ಸೆಟ್ ವರ್ಕ್‌ಶಾಪ್ ಹಿಡಿ.

ಈಗಿನಿಂದಲೇ ಅಡಿ ಇಂಚು ಬಿಟ್ಟು ಸೆಂಟಿಮೀಟರಿನಲ್ಲಿ ನಕ್ಷೆ ಬರೆಯುವುದನ್ನು ರೂಢಿ ಮಾಡಿಕೋ. ನಿನ್ನ ಹಳೆಯ ಎರಡು ಸೆಟ್ಟಿನ ಕೈನಕ್ಷೆ ಇದ್ದರೆ ಫೋಟೋ ತೆಗೆದು ಕಳಿಸು. ಮುಗಿದ ಸೆಟ್ಟಿನ ಚಂದದ ಫೋಟೋ ಬೇಡ, ಒದ್ದಾಡಿದ ನಕ್ಷೆಗಳೇ ಬೇಕು.