ಬುಸ್ಕೆರೂದ್ ಮರಳಿ ಬಂದದ್ದು ತಪ್ಪೇ?

ನಾರ್ವೆಯ ದ್ರಾಮೆನ್‌ನಿಂದ ಓದುಗರೊಬ್ಬರು ಬರೆದಿದ್ದಾರೆ: ‘ಮನೆ ಬದಲಿಸದೆಯೇ ನಾನು ಬುಸ್ಕೆರೂದ್ ಜಿಲ್ಲೆಯಿಂದ ವಿಕೆನ್ ಜಿಲ್ಲೆಗೆ ಸೇರಿ, ನಾಲ್ಕೇ ವರ್ಷಕ್ಕೆ ಮತ್ತೆ ಬುಸ್ಕೆರೂದ್‌ಗೆ ಬಂದೆ. ಸುಮಾರು 55 ಲಕ್ಷ ಜನರ ದೇಶಕ್ಕೆ 15 ಜಿಲ್ಲೆ, 357 ಪುರಸಭೆ ಬೇಕೇ? ಕೂಡಿಸಿದ್ದನ್ನು ಒಡೆದದ್ದು ದುಡ್ಡಿನ ಪೋಲು.’

ಖರ್ಚಾದದ್ದು ನಿಜ. ನೌಕರರ ಹಂಚಿಕೆ, ಆಸ್ತಿ-ಸಾಲದ ಪಾಲು, ತಂತ್ರಾಂಶ, ರಸ್ತೆಬದಿಯ ಫಲಕ ಎಲ್ಲವನ್ನೂ ಎರಡೆರಡು ಸಲ ಮಾಡಬೇಕಾಯಿತು. ಆದರೆ ಆ ಲೆಕ್ಕವನ್ನು ಒಡೆದವರ ತಲೆಗೇ ಏಕೆ ಕಟ್ಟುತ್ತೀರಿ? ಒಲ್ಲೆನೆಂದವರನ್ನು ಕೂಡಿಸಿದವರು ಯಾರು?

2017ರಲ್ಲಿ ಸಂಸತ್ತು ಹೊಸ ನಕ್ಷೆಗೆ ಒಪ್ಪಿಗೆ ಕೊಟ್ಟಿತು. ಜಿಲ್ಲೆಗಳನ್ನು ಕೂಡಿಸಿದ್ದರಿಂದ 2020ಕ್ಕೆ ಅವು 11ಕ್ಕೆ ಇಳಿದವು. ನಿಮ್ಮ ಬುಸ್ಕೆರೂದ್ ನೆರೆಯ ಎರಡು ಜಿಲ್ಲೆಗಳೊಡನೆ ಸೇರಿ ವಿಕೆನ್ ಆಯಿತು. ದೇಶದ ಉತ್ತರ ತುದಿಯ ಫಿನ್‌ಮಾರ್ಕ್ ಜಿಲ್ಲೆಯವರು 2018ರ ಮೇ ತಿಂಗಳಲ್ಲಿ ಜನಮತ ತೆಗೆದುಕೊಂಡರು. ಮತ ಹಾಕಿದವರಲ್ಲಿ ಸುಮಾರು ನೂರಕ್ಕೆ 87 ಮಂದಿ ಪಕ್ಕದ ಟ್ರೋಮ್ಸ್ ಜಿಲ್ಲೆಯ ಜೊತೆ ಸೇರುವುದು ಬೇಡವೆಂದರು. ಡೆನ್ಮಾರ್ಕ್‌ಗಿಂತ ದೊಡ್ಡದಾದ, ಮುಕ್ಕಾಲು ಲಕ್ಷದಷ್ಟು ಜನರಿರುವ ಸೀಮೆ ಅದು. ಅಲ್ಲಿ ಕಚೇರಿ ಇನ್ನಷ್ಟು ದೂರ ಹೋದರೆ ಏನಾಗುತ್ತದೆಂದು ಓಸ್ಲೋದಲ್ಲಿ ಕುಳಿತವರಿಗಿಂತ ಅವರಿಗೇ ಚೆನ್ನಾಗಿ ಗೊತ್ತಿತ್ತು. ಆದರೂ ಸೇರಿಸಿದರು. ಕೊನೆಗೆ 2024ರ ಜನವರಿ 1ರಂದು ವಿಕೆನ್ ಮೂರಾಗಿ ಒಡೆಯಿತು. ಟ್ರೋಮ್ಸ್-ಫಿನ್‌ಮಾರ್ಕ್, ವೆಸ್ಟ್‌ಫೋಲ್-ಟೆಲೆಮಾರ್ಕ್ ಕೂಡ ಬೇರೆಯಾದವು.

ಕೂಡುವುದೇ ಕೆಟ್ಟದ್ದೆಂದು ನಾನು ಹೇಳುತ್ತಿಲ್ಲ. ಉತ್ತರ ಮತ್ತು ದಕ್ಷಿಣ ಟ್ರೊಂಡೆಲಾಗ್‌ಗಳ ಜಿಲ್ಲಾ ಸಭೆಗಳು ತಾವೇ ಮತ ಹಾಕಿ 2018ರಲ್ಲಿ ಒಂದಾದವು. ಅದು ಇಂದಿಗೂ ಒಂದೇ ಜಿಲ್ಲೆ.

ಜಿಲ್ಲೆಯೆಂದರೆ ಜಿಲ್ಲಾಧಿಕಾರಿಯ ಕಚೇರಿ ಎಂದು ನೀವು ಭಾವಿಸಿದಂತಿದೆ. ಅಲ್ಲಿ ಅವೆರಡೂ ಬೇರೆ. ಚುನಾಯಿತ ಜಿಲ್ಲಾ ಸಭೆಯ ಕೈಯಲ್ಲಿ ಹತ್ತನೆಯ ತರಗತಿ ನಂತರದ ಶಾಲೆ, ಜಿಲ್ಲಾ ರಸ್ತೆ, ಬಸ್ಸು, ಸಾರ್ವಜನಿಕ ದಂತಚಿಕಿತ್ಸೆ ಇವೆ. ನಿಮ್ಮ ಮಗ ಮಾರ್ಚ್ 1ರೊಳಗೆ ಆ ಶಾಲೆಗೆ ಅರ್ಜಿ ಹಾಕಿದರೆ ಸೀಟು ಹಂಚುವವರು ಇವರೇ. ಶಿಶುವಿಹಾರ, ಹತ್ತನೆಯವರೆಗಿನ ಶಾಲೆ, ವೃದ್ಧರ ಆರೈಕೆ, ನೀರು ಪುರಸಭೆಯವು. ಸರ್ಕಾರದ ಪ್ರತಿನಿಧಿ ಇನ್ನೊಬ್ಬರು: ಸ್ಟಾಟ್ಸ್‌ಫೊರ್ವಾಲ್ಟರ್. ಪುರಸಭೆ ಕಟ್ಟಡದ ಪರವಾನಗಿ ನಿರಾಕರಿಸಿದರೆ ಮೇಲ್ಮನವಿ ಕೇಳುವವರು ಅವರು. ಆದರೆ ಮನವಿಯನ್ನು ನೇರವಾಗಿ ಅವರಿಗೆ ಕಳಿಸುವಂತಿಲ್ಲ. ಆದೇಶ ಕೈಸೇರಿದ ಮೂರು ವಾರದೊಳಗೆ ಪುರಸಭೆಗೇ ಕೊಡಬೇಕು. ಅದು ಮರುಪರಿಶೀಲಿಸಿ, ತನ್ನ ನಿರ್ಧಾರಕ್ಕೇ ಅಂಟಿಕೊಂಡರೆ ಕಡತವನ್ನು ಮೇಲಕ್ಕೆ ಕಳಿಸುತ್ತದೆ. ಇದು ತಿಳಿಯದೆ ತಪ್ಪು ಬಾಗಿಲು ತಟ್ಟಿ ದಿನ ಕಳೆಯುವವರಿದ್ದಾರೆ.

ನನ್ನ ನಿಜವಾದ ತಕರಾರು ಇನ್ನೊಂದು. 2002ರಲ್ಲಿ ಆಸ್ಪತ್ರೆಗಳನ್ನು ಜಿಲ್ಲೆಗಳಿಂದ ಸರ್ಕಾರವೇ ವಹಿಸಿಕೊಂಡಿತು. ಜಿಲ್ಲೆಗಳ ಅತಿ ದೊಡ್ಡ ಹೊಣೆಯೇ ಹೋಯಿತು. ಕೆಲಸ ಕಿತ್ತುಕೊಳ್ಳುವುದು, ಆಮೇಲೆ ‘ಇಷ್ಟು ಸಣ್ಣ ಕೆಲಸಕ್ಕೆ ಇಷ್ಟೊಂದು ಜಿಲ್ಲೆಗಳೇಕೆ’ ಎಂದು ಕೇಳುವುದು! ರಾಜಧಾನಿಗಳ ಈ ಚಾಳಿ ನಾರ್ವೆಗೆ ಮಾತ್ರ ಸೀಮಿತವಲ್ಲ. ನಮ್ಮ ಕರ್ನಾಟಕದಲ್ಲೂ 2021ರಲ್ಲಿ ಅವಧಿ ಮುಗಿದ ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳನ್ನು ಚುನಾವಣೆಯಿಲ್ಲದೆ ವರ್ಷಗಟ್ಟಲೆ ಅಧಿಕಾರಿಗಳ ಕೈಗೆ ಬಿಡಲಿಲ್ಲವೇ? ಸದಸ್ಯರೇ ಇಲ್ಲದ ಸಭೆಯ ಮುಂದೆ ಹಳ್ಳಿಯವರು ಯಾರ ಹೆಸರು ಹಿಡಿದು ಕೇಳಬೇಕು?

ಇಷ್ಟು ಕಾಳಜಿಯಿಂದ ಬರೆದ ನಿಮಗೆ ಒಂದು ಮಾತು. ನಾರ್ವೆಯಲ್ಲಿ ಸತತ ಮೂರು ವರ್ಷ ನೋಂದಾಯಿತ ನಿವಾಸಿಯಾಗಿದ್ದರೆ, ಭಾರತದ ಪಾಸ್‌ಪೋರ್ಟ್ ಇದ್ದರೂ ಪುರಸಭೆ ಮತ್ತು ಜಿಲ್ಲಾ ಸಭೆ ಎರಡಕ್ಕೂ ಮತ ಹಾಕಬಹುದು. 2023ರಲ್ಲಿ ಹಾಕಿದಿರಾ? ಮುಂದಿನದು 2027ರಲ್ಲಿ, ಎರಡು ಬೇರೆ ಮತಪತ್ರ ಇರುತ್ತವೆ, ಜಿಲ್ಲೆಯದನ್ನು ಬಿಟ್ಟುಬರಬೇಡಿ.